ರಿಮ್ಯಾಂಡ್ ಆದ ಕೇಸು: ಅದೇ ಕಚೇರಿ, ಎರಡನೇ ವಿಚಾರಣೆ

ಮಧುಗಿರಿಯ ಉಪವಿಭಾಗಾಧಿಕಾರಿ ಕಚೇರಿಯಲ್ಲಿ ಅಪೀಲು ಗೆದ್ದೆವು ಎಂದು ಊರಲ್ಲೆಲ್ಲ ಹೇಳಿಕೊಂಡವರು ಕೆಲವೇ ತಿಂಗಳಲ್ಲಿ ಮತ್ತೆ ಅದೇ ತಾಲ್ಲೂಕು ಕಚೇರಿಯ ವರಾಂಡದಲ್ಲಿ ಕಾಯುತ್ತಿರುತ್ತಾರೆ. ಇದು ಅಪರೂಪವೇನಲ್ಲ. ಆದೇಶದ ಕೊನೆಯಲ್ಲಿ ಎರಡು ಸಾಲು ಇರುತ್ತವೆ. ಒಂದು, 'ಮೇಲ್ಮನವಿಯನ್ನು ಪುರಸ್ಕರಿಸಿದೆ'. ಇನ್ನೊಂದು, 'ಪ್ರಕರಣವನ್ನು ಮರುವಿಚಾರಣೆಗಾಗಿ ಹಿಂದಿರುಗಿಸಿದೆ'. ಅಪೀಲು ಹಾಕಿದವರು ಮೊದಲನೇ ಸಾಲು ಓದಿ ಖುಷಿಪಡುತ್ತಾರೆ. ಎದುರು ಪಾರ್ಟಿಯವರು ಎರಡನೇ ಸಾಲು ಓದಿ ಸಮಾಧಾನ ಮಾಡಿಕೊಳ್ಳುತ್ತಾರೆ. ಇಬ್ಬರ ಲೆಕ್ಕವೂ ಅರ್ಧ ಸರಿ, ಅರ್ಧ ತಪ್ಪು.

ಹೀಗೆ ಕೆಳಗಿನ ಅಧಿಕಾರಿಯ ಬಳಿಗೆ ಕೇಸು ವಾಪಸ್ ಹೋಗುವುದನ್ನೇ ರಿಮ್ಯಾಂಡ್ ಎನ್ನುತ್ತಾರೆ. ನೌಕರರ ಮೇಲಿನ ಇಲಾಖಾ ವಿಚಾರಣೆ, ತೆರಿಗೆ, ಲೈಸೆನ್ಸ್, ಎಲ್ಲದರಲ್ಲೂ ಇದು ಉಂಟು. ಹಳ್ಳಿಯವರಿಗೆ ಇದರ ಪರಿಚಯ ಆಗುವುದು ಮಾತ್ರ ಜಮೀನಿನ ಖಾತೆಯ ಮೂಲಕ. ಹಾಗಾಗಿ ಅಲ್ಲಿಂದಲೇ ನೋಡೋಣ.

ಒಂದು ಊಹೆಯ ಉದಾಹರಣೆ ಇಟ್ಟುಕೊಳ್ಳಿ. ಪಾವಗಡ ತಾಲ್ಲೂಕಿನ ಒಂದು ಹಳ್ಳಿ. ತಂದೆ ತೀರಿಕೊಂಡರು. ಪಹಣಿ ಅವರ ಹೆಸರಲ್ಲೇ ಇತ್ತು. ಇಬ್ಬರು ಗಂಡುಮಕ್ಕಳು, ಒಬ್ಬಳು ಮಗಳು. ಮಗಳನ್ನು ಹಿಂದೂಪುರದ ಕಡೆಗೆ ಮದುವೆ ಮಾಡಿ ಕೊಟ್ಟಿದ್ದಾರೆ. ಗಂಡುಮಕ್ಕಳು ಪೌತಿ ಖಾತೆಗೆ, ಅಂದರೆ ಸತ್ತವರ ಖಾತೆಯನ್ನು ವಾರಸುದಾರರ ಹೆಸರಿಗೆ ಮಾಡಿಸಲು, ಅರ್ಜಿ ಹಾಕಿದರು. ಕೊಟ್ಟ ವಂಶವೃಕ್ಷದಲ್ಲಿ ಅಕ್ಕನ ಹೆಸರು ಇರಲಿಲ್ಲ. ತಕರಾರು ಯಾರೂ ಹಾಕಲಿಲ್ಲ, ಖಾತೆ ಇಬ್ಬರ ಹೆಸರಿಗೆ ಆಯಿತು. ಪಾವಗಡದಲ್ಲಿ ಇದು ಬರೀ ಕಾಗದದ ಮಾತಲ್ಲ. ತಿರುಮಣಿ, ವಳ್ಳೂರು ಸುತ್ತಿನ ಹಳ್ಳಿಗಳಲ್ಲಿ ಸೋಲಾರ್ ಪಾರ್ಕಿಗೆ ಜಮೀನು ಗುತ್ತಿಗೆಗೆ ಹೋಗಿದೆ. ಅಲ್ಲಿ ದಾಖಲೆಯಲ್ಲಿ ಯಾರ ಹೆಸರಿದೆಯೋ ಗುತ್ತಿಗೆ ಹಣದ ಮಾತುಕತೆ ಅವರ ಜೊತೆಗೇ ನಡೆಯುತ್ತದೆ.

ವಿಷಯ ಗೊತ್ತಾದ ಮೇಲೆ ಅಕ್ಕ ಅಪೀಲು ಹಾಕುತ್ತಾರೆ. 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 136(2)ನೇ ಕಲಮಿನಲ್ಲಿ ಅದಕ್ಕೆ ದಾರಿ ಇದೆ. ಆದೇಶ ತಲುಪಿದ ದಿನದಿಂದ, ಇಲ್ಲವೇ ಖಾತೆ ಬದಲಾದದ್ದು ತಿಳಿದ ದಿನದಿಂದ 60 ದಿನ. ಅಪೀಲು ಕೇಳುವವರು ಉಪವಿಭಾಗಾಧಿಕಾರಿ, ಅಂದರೆ ಎ.ಸಿ. ತುಮಕೂರು ಜಿಲ್ಲೆಯಲ್ಲಿ ತುಮಕೂರು, ತಿಪಟೂರು, ಮಧುಗಿರಿ ಎಂದು ಮೂರು ಉಪವಿಭಾಗಗಳಿವೆ. ಪಾವಗಡ, ಸಿರಾ, ಕೊರಟಗೆರೆಯವರು ಮಧುಗಿರಿಗೆ ಹೋಗಬೇಕು. ತುರುವೇಕೆರೆ, ಚಿಕ್ಕನಾಯಕನಹಳ್ಳಿಯವರು ತಿಪಟೂರಿಗೆ. ಅದರ ಮೇಲೆ 136(3)ರಲ್ಲಿ ತುಮಕೂರಿನ ಜಿಲ್ಲಾಧಿಕಾರಿ ಮುಂದೆ ರಿವಿಷನ್, ಅಂದರೆ ಮರುಪರಿಶೀಲನೆಯ ಅರ್ಜಿ. ಅದರಾಚೆ ಬೆಂಗಳೂರಿನ ಹೈಕೋರ್ಟ್.

ಎ.ಸಿ. ಕಡತ ತರಿಸಿ ನೋಡಿದರು. ಅಕ್ಕನಿಗೆ ನೋಟಿಸ್ ಹೋಗಿಲ್ಲ. ಗಂಡುಮಕ್ಕಳ ವಕೀಲರು ಎದ್ದು ಹೇಳುತ್ತಾರೆ: 'ಸ್ವಾಮಿ, ಪಹಣಿಯಲ್ಲಿ ಆಕೆಯ ಹೆಸರೇ ಇರಲಿಲ್ಲ, ನೋಟಿಸ್ ಯಾರಿಗೆ ಅಂತ ಕೊಡೋದು?' ಕೇಳಲು ಸರಿ ಅನ್ನಿಸುತ್ತದೆ. ಆದರೆ ಕಾಯ್ದೆಯ 129ನೇ ಕಲಮು ಅಷ್ಟಕ್ಕೇ ನಿಲ್ಲುವುದಿಲ್ಲ. ಚಾವಡಿಯಲ್ಲಿ ನೋಟಿಸ್ ಅಂಟಿಸಬೇಕು. ದಾಖಲೆಯಲ್ಲಿ ಹೆಸರಿರುವ ಆಸಕ್ತರಿಗೆ ಲಿಖಿತವಾಗಿ ತಿಳಿಸಬೇಕು. ಅದರ ಜೊತೆಗೆ, ಈ ಜಮೀನಿನಲ್ಲಿ ಹಿತಾಸಕ್ತಿ ಇದೆ ಎಂದು ನಂಬಲು ಕಾರಣವಿರುವ ಬೇರೆ ಯಾರೇ ಇದ್ದರೂ ಅವರಿಗೂ ತಿಳಿಸಬೇಕು. ಸತ್ತವರಿಗೆ ಹೆಣ್ಣುಮಕ್ಕಳಿದ್ದಾರಾ ಎಂದು ಗ್ರಾಮ ಲೆಕ್ಕಿಗರು ಊರಲ್ಲಿ ಒಂದು ಮಾತು ಕೇಳಿದ್ದರೆ ಸಾಕಿತ್ತು, ಅಲ್ವಾ? ಎ.ಸಿ. ಇದನ್ನು ಒಪ್ಪಿ ಖಾತೆ ಆದೇಶ ರದ್ದು ಮಾಡಿದರು. ಕೇಸನ್ನು ತಹಶೀಲ್ದಾರರಿಗೆ ಕಳಿಸಿದರು.

ಎ.ಸಿ. ತಾವೇ ಅಕ್ಕನ ಹೆಸರು ಸೇರಿಸಿ ಮುಗಿಸಬಹುದಿತ್ತಲ್ಲ? ಅಪೀಲು ಗೆದ್ದವರೆಲ್ಲ ಕೇಳುವ ಪ್ರಶ್ನೆ ಇದು. ಒಂದು ಕಾರಣ ನ್ಯಾಯವಾದದ್ದೇ. ಅಕ್ಕನ ಮಾತನ್ನು ಮೊದಲ ಹಂತದಲ್ಲಿ ಯಾರೂ ಕೇಳಿಲ್ಲ. ಹಾಗೆಯೇ ಅಕ್ಕನ ಮಾತಿಗೆ ತಮ್ಮಂದಿರ ಉತ್ತರವನ್ನೂ ಯಾರೂ ಕೇಳಿಲ್ಲ. ತಮ್ಮಂದಿರ ಬಳಿ ಹಳೆಯ ಪಾಲುಪಟ್ಟಿ ಇರಬಹುದು. ಹಿಂದೂ ಉತ್ತರಾಧಿಕಾರ ಕಾಯ್ದೆಗೆ 2005ರಲ್ಲಿ ಬಂದ ತಿದ್ದುಪಡಿ ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೆ ಮಗನಷ್ಟೇ ಹಕ್ಕು ಕೊಟ್ಟಿತು. ಆಗ ತಂದೆ ಬದುಕಿರಬೇಕಿತ್ತು ಎಂಬ ಷರತ್ತು ಇಲ್ಲ ಎಂದು 2020ರಲ್ಲಿ ಸುಪ್ರೀಂ ಕೋರ್ಟ್ ವಿನೀತಾ ಶರ್ಮಾ ಕೇಸಿನಲ್ಲಿ ಹೇಳಿತು. ಆದರೆ 2004ರ ಡಿಸೆಂಬರ್ 20ಕ್ಕೆ ಮೊದಲೇ ನೋಂದಣಿಯಾಗಿ ಮುಗಿದ ಪಾಲುಗಳನ್ನು ಆ ತಿದ್ದುಪಡಿ ಮುಟ್ಟುವುದಿಲ್ಲ. ಇಂಥ ಪತ್ರವೊಂದು ತಮ್ಮಂದಿರ ಪೆಟ್ಟಿಗೆಯಲ್ಲಿದ್ದರೆ ಲೆಕ್ಕವೇ ಬದಲಾಗುತ್ತದೆ. ಇದನ್ನೆಲ್ಲ ನೋಡಲು ಮೊದಲ ಹಂತದ ವಿಚಾರಣೆಯೇ ಸರಿಯಾದ ಜಾಗ. ಮೊದಲ ಹಂತದಲ್ಲಿ ಸಿಗದ ನ್ಯಾಯವನ್ನು ಅಪೀಲಿನಲ್ಲಿ ಕೊಟ್ಟು ಸರಿದೂಗಿಸಲು ಸಾಮಾನ್ಯವಾಗಿ ಆಗುವುದಿಲ್ಲ ಎಂಬ ಮಾತನ್ನು ಸುಪ್ರೀಂ ಕೋರ್ಟ್ 1986ರಲ್ಲಿ ಎಲ್.ಕೆ. ರತ್ನ ಎಂಬ ಲೆಕ್ಕ ಪರಿಶೋಧಕರ ಕೇಸಿನಲ್ಲಿ ಒಪ್ಪಿತ್ತು. ಒಂದು ಸರಿಯಾದ ವಿಚಾರಣೆಯೂ, ಅದರ ಮೇಲೊಂದು ಅಪೀಲೂ, ಎರಡೂ ಜನರಿಗೆ ಸಿಗಬೇಕು ಎಂಬುದು ಇದರ ಹಿಂದಿನ ಯೋಚನೆ.

ಇನ್ನೊಂದು ಕಾರಣ ಅಷ್ಟು ಚೆಂದದ್ದಲ್ಲ. ಎಲ್ಲ ದಾಖಲೆ ಮುಂದಿದ್ದರೂ, ಎರಡೂ ಕಡೆಯ ವಾದ ಮುಗಿದಿದ್ದರೂ, ತೀರ್ಮಾನ ಬರೆಯುವ ತಲೆನೋವು ಬೇಡವೆಂದು ಕೇಸನ್ನು ಕೆಳಗೆ ತಳ್ಳುವುದೂ ಉಂಟು. ವಿಲೇವಾರಿ ಪಟ್ಟಿಯಲ್ಲಿ ಒಂದು ಕೇಸು ಕಡಿಮೆ ಆಗುತ್ತದೆ, ಪಕ್ಷಗಾರರ ಓಡಾಟ ಮಾತ್ರ ಕಡಿಮೆ ಆಗುವುದಿಲ್ಲ. ಸುಮ್ಸುಮ್ನೆ ರಿಮ್ಯಾಂಡ್ ಮಾಡಬೇಡಿ ಎಂದು ಮೇಲಿನ ನ್ಯಾಯಾಲಯಗಳು ಮತ್ತೆ ಮತ್ತೆ ಹೇಳಿವೆ. ಅಪೀಲಿನ ವಾದದ ಹೊತ್ತಿಗೇ 'ದಾಖಲೆ ಪೂರ್ತಿ ಇದೆ, ಇಲ್ಲೇ ತೀರ್ಮಾನಿಸಿ' ಎಂದು ಲಿಖಿತವಾಗಿ ಕೇಳುವುದು ಒಳ್ಳೆಯದು. ಆದೇಶ ಬಂದ ಮೇಲೆ ಗೊಣಗಿ ಪ್ರಯೋಜನವಿಲ್ಲ.

ಆದೇಶದ ಕೊನೆಯ ಪ್ಯಾರಾವನ್ನು ಎರಡು ಸಲವಾದರೂ ಓದಬೇಕು. ಎರಡನೇ ವಿಚಾರಣೆ ಎಷ್ಟು ಅಗಲ ಎಂಬುದು ಅಲ್ಲೇ ತೀರ್ಮಾನವಾಗಿರುತ್ತದೆ. 'ಉಭಯ ಪಕ್ಷಗಾರರಿಗೂ ಅವಕಾಶ ನೀಡಿ, ದಾಖಲೆ ಪರಿಶೀಲಿಸಿ, ಕಾನೂನು ರೀತ್ಯಾ ಹೊಸದಾಗಿ ಆದೇಶಿಸುವುದು' ಎಂದಿದ್ದರೆ ಇಡೀ ಕೇಸು ತೆರೆದಿದೆ. ಹೊಸ ದಾಖಲೆ ಕೊಡಬಹುದು, ಹೊಸ ತಕರಾರು ಎತ್ತಬಹುದು. 'ವಂಶವೃಕ್ಷದ ಬಗ್ಗೆ ಮಾತ್ರ ವಿಚಾರಣೆ ನಡೆಸಿ' ಎಂದಿದ್ದರೆ ತಹಶೀಲ್ದಾರರು ಆ ಗೆರೆ ದಾಟುವಂತಿಲ್ಲ. ಅಲ್ಲಿ ಸರ್ವೆ ಗಡಿ ತಂಟೆಯನ್ನೂ ಸೇರಿಸಿ ತೀರ್ಪು ಕೊಟ್ಟರೆ ಅಷ್ಟು ಭಾಗ ಅಧಿಕಾರ ಮೀರಿದ್ದಾಗುತ್ತದೆ. ಮೂರನೇ ಬಗೆಯೂ ಇದೆ: ಒಂದು ಅಂಶವನ್ನು ಎ.ಸಿ. ತಾವೇ ತೀರ್ಮಾನಿಸಿ, ಉಳಿದದ್ದನ್ನು ಮಾತ್ರ ಕೆಳಗೆ ಬಿಟ್ಟಿರುತ್ತಾರೆ. 'ಅಪೀಲುದಾರರು ಮೃತರ ಮಗಳು ಎಂಬುದು ಸಾಬೀತಾಗಿದೆ' ಎಂದು ಬರೆದಿದ್ದರೆ, ತಹಶೀಲ್ದಾರರ ಮುಂದೆ ಆಕೆ ಮಗಳೇ ಅಲ್ಲ ಎಂಬ ವಾದ ನಡೆಯುವುದಿಲ್ಲ. ಆ ಮಾತು ಒಪ್ಪಿಗೆಯಿಲ್ಲದವರು ಆಗಲೇ ಜಿಲ್ಲಾಧಿಕಾರಿ ಮುಂದೆ ಹೋಗಬೇಕಿತ್ತು. ಬಹಳ ಜನ ಇಲ್ಲೇ ಎಡವುತ್ತಾರೆ. 'ಹೇಗೂ ವಾಪಸ್ ಬಂತಲ್ಲ, ಅಲ್ಲೇ ನೋಡಿಕೊಳ್ಳೋಣ' ಎಂದು ಬಿಟ್ಟುಬಿಡುತ್ತಾರೆ.

ಮೇಲಿನವರು ಹೇಳಿದ್ದನ್ನು ಕೆಳಗಿನವರು ಪಾಲಿಸಲೇಬೇಕಾ? ಹೌದು. 1960ರಲ್ಲಿ ಭೋಪಾಲ್ ಶುಗರ್ ಇಂಡಸ್ಟ್ರೀಸ್ ಕೇಸಿನಲ್ಲಿ ಒಬ್ಬ ಆದಾಯ ತೆರಿಗೆ ಅಧಿಕಾರಿ, ಮೇಲಿನ ಟ್ರಿಬ್ಯೂನಲ್ ಕೊಟ್ಟ ನಿರ್ದೇಶನ ಬಿಟ್ಟು ತಮ್ಮ ಹಳೇ ಲೆಕ್ಕವನ್ನೇ ಹಿಡಿದಿದ್ದರು. ಹೀಗಾದರೆ ಅಪೀಲು ಎಂಬ ವ್ಯವಸ್ಥೆಯೇ ನಿಲ್ಲುವುದಿಲ್ಲ ಎಂದು ಸುಪ್ರೀಂ ಕೋರ್ಟ್ ಕಟುವಾಗಿ ಹೇಳಿತು. ನಿರ್ದೇಶನ ತಪ್ಪು ಅನ್ನಿಸಿದರೂ ಕೆಳಗಿನ ಅಧಿಕಾರಿಗೆ ಅದನ್ನು ಮೀರುವ ಹಕ್ಕಿಲ್ಲ.

ಇನ್ನು ಎರಡನೇ ವಿಚಾರಣೆಯ ಒಳಗೆ ಹೋಗೋಣ. ಮೊದಲನೇ ಸಲ ತಪ್ಪಿದ್ದು ನೋಟಿಸ್ ತಾನೇ? ಎರಡನೇ ಸಲವೂ ತಪ್ಪುವುದು ಅದೇ. ಎ.ಸಿ. ಕೋರ್ಟಿನಲ್ಲಿ ಇಬ್ಬರೂ ಹಾಜರಿದ್ದರು, ಅವರಿಗೆ ಎಲ್ಲ ಗೊತ್ತಿದೆ ಎಂದು ತಾಲ್ಲೂಕು ಕಚೇರಿ ಅಂದುಕೊಳ್ಳುತ್ತದೆ. ದಿನಾಂಕ ಯಾರಿಗೂ ತಿಳಿಸದೆ ಕೇಸು ಎತ್ತಿಕೊಳ್ಳುತ್ತದೆ. ಸಿವಿಲ್ ಕೋರ್ಟುಗಳ ವಿಷಯದಲ್ಲಿ ಸಿವಿಲ್ ಪ್ರಕ್ರಿಯಾ ಸಂಹಿತೆ ಇದಕ್ಕೆ ಒಂದು ಉಪಾಯ ಮಾಡಿದೆ. ರಿಮ್ಯಾಂಡ್ ಮಾಡುವ ಕೋರ್ಟೇ, ಪಕ್ಷಗಾರರು ಕೆಳಗಿನ ಕೋರ್ಟಿನಲ್ಲಿ ಯಾವತ್ತು ಹಾಜರಾಗಬೇಕು ಎಂದು ದಿನಾಂಕ ಹಾಕಿಕೊಡಬೇಕು. 1976ರ ತಿದ್ದುಪಡಿಯಲ್ಲಿ ಬಂದ ನಿಯಮ ಇದು. ಕಂದಾಯ ಕೇಸುಗಳಲ್ಲೂ ಎ.ಸಿ. ಹೀಗೆ ದಿನಾಂಕ ಬರೆದುಕೊಟ್ಟರೆ ಅರ್ಧ ಜಗಳ ತಪ್ಪುತ್ತದೆ. ಬರೆಯದಿದ್ದರೆ ಆದೇಶದ ನಕಲು ಹಿಡಿದು ನೀವೇ ತಾಲ್ಲೂಕು ಕಚೇರಿಗೆ ಹೋಗಿ, ಹಾಜರಾಗುತ್ತಿದ್ದೇನೆ ಎಂದು ಅರ್ಜಿ ಕೊಟ್ಟು ಸ್ವೀಕೃತಿ ಪಡೆಯಬೇಕು. ಈ ನಡುವೆ ಯಾರಾದರೂ ಆ ಜಮೀನು ಕೊಂಡಿದ್ದರೆ, ಪಕ್ಷಗಾರರಲ್ಲಿ ಯಾರಾದರೂ ತೀರಿಕೊಂಡಿದ್ದರೆ, ಆ ಕೊಂಡವರಿಗೂ ವಾರಸುದಾರರಿಗೂ ನೋಟಿಸ್ ಬೇಕು. ಇಲ್ಲದಿದ್ದರೆ ಮೂರನೇ ಸುತ್ತಿಗೆ ಈಗಲೇ ಬಾಗಿಲು ತೆರೆದಿಟ್ಟ ಹಾಗಾಯಿತು.

ನೋಟಿಸಿನ ನಂತರ ಬರುವುದು ಕಣ್ಣಿಗೆ ಕಾಣದ ತೊಂದರೆ. ವಿಚಾರಣೆ ಮುಗಿಯಿತು, 'ಆದೇಶಕ್ಕೆ ಕಾಯ್ದಿರಿಸಿದೆ' ಎಂದಾಯಿತು. ಆಮೇಲೆ ಕಚೇರಿಯವರು ರಾಜಸ್ವ ನಿರೀಕ್ಷಕರಿಂದ ಒಂದು ಸ್ಥಳ ವರದಿ ತರಿಸಿಕೊಳ್ಳುತ್ತಾರೆ. ಆದೇಶ ನಿಲ್ಲುವುದು ಆ ವರದಿಯ ಮೇಲೆ. ಅದನ್ನು ಅಕ್ಕನೂ ನೋಡಿಲ್ಲ, ತಮ್ಮಂದಿರೂ ನೋಡಿಲ್ಲ. ಬೆನ್ನ ಹಿಂದೆ ತರಿಸಿದ ಕಾಗದದ ಮೇಲೆ ತೀರ್ಮಾನ ನಿಂತರೆ, ಎದುರಿಗೆ ಕೂರಿಸಿ ಎಷ್ಟು ಹೊತ್ತು ಮಾತು ಕೇಳಿದರೂ ಅದು ವಿಚಾರಣೆಯಲ್ಲ. ವರದಿ ತರಿಸಬಾರದು ಎಂದೇನಿಲ್ಲ. ತರಿಸಿ, ಇಬ್ಬರಿಗೂ ಪ್ರತಿ ಕೊಟ್ಟು, ಉತ್ತರಕ್ಕೆ ಸಮಯ ಕೊಡಬೇಕು, ಅಷ್ಟೇ.

ವರ್ಗಾವಣೆ ಇನ್ನೊಂದು ಗೋಳು. ವಾದ ಕೇಳಿದ ತಹಶೀಲ್ದಾರರು ಹೋದರು, ಹೊಸಬರು ಬಂದು ಕಡತ ನೋಡಿ ಆದೇಶ ಬರೆದರು. ಇದನ್ನು ಸುಪ್ರೀಂ ಕೋರ್ಟ್ 1950ರ ದಶಕದ ಕೊನೆಯಲ್ಲೇ ನೋಡಿತ್ತು. ಆಂಧ್ರಪ್ರದೇಶದಲ್ಲಿ ಖಾಸಗಿ ಬಸ್ ಮಾರ್ಗಗಳನ್ನು ಸರ್ಕಾರ ವಹಿಸಿಕೊಳ್ಳುವ ಯೋಜನೆ ಬಂತು. ಬಸ್ ಮಾಲೀಕರ ಆಕ್ಷೇಪಣೆ ಕೇಳಿದವರು ಇಲಾಖೆಯ ಕಾರ್ಯದರ್ಶಿ, ತೀರ್ಮಾನ ಮಾಡಿದವರು ಮುಖ್ಯಮಂತ್ರಿ. ಗುಲ್ಲಪಲ್ಲಿ ನಾಗೇಶ್ವರ ರಾವ್ ಹೆಸರಿನ ಆ ಕೇಸಿನಲ್ಲಿ ಕೋರ್ಟ್ ಹೇಳಿದ್ದರ ತಿರುಳು ಇಷ್ಟು: ಒಬ್ಬರು ಕೇಳಿ ಇನ್ನೊಬ್ಬರು ತೀರ್ಮಾನಿಸಿದರೆ ಆ ಕೇಳುವಿಕೆಗೆ ಅರ್ಥವಿಲ್ಲ. ಹೊಸ ಅಧಿಕಾರಿ ಬಂದಿದ್ದಾರೆಂದು ಗೊತ್ತಾದ ಕೂಡಲೇ 'ನಿಮ್ಮ ಮುಂದೆ ಮತ್ತೆ ವಾದ ಮಂಡಿಸಲು ಅವಕಾಶ ಕೊಡಿ' ಎಂದು ಒಂದು ಮೆಮೊ ಹಾಕಿಡಿ.

ಅದೇ ಅಧಿಕಾರಿಯೇ ಉಳಿದಿದ್ದರೆ? ಕೇಸು ವಾಪಸ್ ಬರುವುದು ವ್ಯಕ್ತಿಗಲ್ಲ, ಹುದ್ದೆಗೆ. ಒಮ್ಮೆ ತಪ್ಪು ಆದೇಶ ಬರೆದರು ಎಂಬುದಷ್ಟೇ ಅವರನ್ನು ಬೇಡ ಎನ್ನಲು ಸಾಲದು. ಅವರಿಗೆ ಆ ವಿಷಯದಲ್ಲಿ ಸ್ವಂತ ಲಾಭ ಇದ್ದರೆ ಮಾತು ಬೇರೆ. 1969ರ ಎ.ಕೆ. ಕ್ರೈಪಾಕ್ ಕೇಸಿನಲ್ಲಿ ಜಮ್ಮು ಮತ್ತು ಕಾಶ್ಮೀರದ ಒಬ್ಬ ಅರಣ್ಯಾಧಿಕಾರಿ, ತಾವೇ ಅಭ್ಯರ್ಥಿಯಾಗಿದ್ದ ನೇಮಕಾತಿಯ ಆಯ್ಕೆ ಮಂಡಳಿಯಲ್ಲಿ ಸದಸ್ಯರಾಗಿದ್ದರು. ಅವರ ಹೆಸರು ಚರ್ಚೆಗೆ ಬಂದಾಗ ಅವರು ಎದ್ದು ಹೊರಗೆ ಹೋಗಿದ್ದರೂ ಕೋರ್ಟ್ ಆ ಆಯ್ಕೆಯನ್ನೇ ಉರುಳಿಸಿತು. ಇಂಥದ್ದೇನಾದರೂ ಇದ್ದರೆ ಕೇಸನ್ನು ಬೇರೆ ಅಧಿಕಾರಿಗೆ ವರ್ಗಾಯಿಸಿ ಎಂದು ಮೇಲಧಿಕಾರಿಗೆ ಮೊದಲೇ ಬರೆಯಬೇಕು. ಸೋತ ಮೇಲೆ ಹೇಳಿದರೆ ಯಾರೂ ಕಿವಿಗೊಡುವುದಿಲ್ಲ.

ನನಗನ್ನಿಸುವಂತೆ ರಿಮ್ಯಾಂಡಿನ ನಿಜವಾದ ಪರೀಕ್ಷೆ ಪಕ್ಷಪಾತದ್ದಲ್ಲ. ಈಗಾಗಲೇ ಒಂದು ತೀರ್ಮಾನ ಬರೆದ ಕೈ ಮತ್ತೆ ಅದನ್ನೇ ಬರೆಯುತ್ತದೆಯೇ ಎಂಬುದು. 1987ರಲ್ಲಿ ಕೆ.ಐ. ಶೆಫರ್ಡ್ ಕೇಸು ಸುಪ್ರೀಂ ಕೋರ್ಟಿಗೆ ಬಂತು. ಬ್ಯಾಂಕುಗಳ ವಿಲೀನದ ಹೊತ್ತಿನಲ್ಲಿ ಕೆಲವು ನೌಕರರನ್ನು, ಅವರ ಮಾತು ಕೇಳದೆಯೇ ಕೈಬಿಟ್ಟಿದ್ದರು. ಈಗ ಬೇಕಾದರೆ ಕೇಳಬಹುದಲ್ಲ ಎಂಬ ವಾದಕ್ಕೆ ಕೋರ್ಟ್ ಒಪ್ಪಲಿಲ್ಲ. ತೀರ್ಮಾನ ಆದ ಮೇಲೆ ಅದನ್ನೇ ಎತ್ತಿಹಿಡಿಯುವ ಮನಸ್ಸು ಮನುಷ್ಯರಿಗೆ ಸಹಜ ಎಂಬುದನ್ನು ಅದು ಗುರುತಿಸಿತು. ಮನೆ ಕಟ್ಟಿ ಮುಗಿಸಿ ಆಮೇಲೆ ಪಾಯಕ್ಕೆ ಜಾಗ ತೋರಿಸಿ ಎಂದ ಹಾಗೆ ಅದು. ಅದಕ್ಕೇ ಮೇಲಿನವರು ಹಳೇ ಆದೇಶವನ್ನು ಪೂರ್ತಿ ರದ್ದು ಮಾಡಿ ಕಳಿಸುವುದು. ರದ್ದಾದ ಆದೇಶದ ಪ್ಯಾರಾಗಳೇ ಹೊಸ ದಿನಾಂಕ ಹೊತ್ತು ಹೊಸ ಆದೇಶದಲ್ಲಿ ಕಾಣಿಸಿಕೊಂಡರೆ, ಎರಡನೇ ಸಲ ಯಾರೂ ಏನೂ ಕೇಳಿಸಿಕೊಂಡಿಲ್ಲ ಎಂದೇ ಅರ್ಥ. ಎರಡೂ ಆದೇಶಗಳನ್ನು ಪಕ್ಕಪಕ್ಕ ಇಟ್ಟು ಅಪೀಲಿನಲ್ಲಿ ತೋರಿಸಿ. ಅದಕ್ಕಿಂತ ಬಲವಾದ ಆಧಾರ ಸಿಗುವುದು ಕಷ್ಟ.

ಇದರ ತಿರುವುಮುರುವು ತಪ್ಪೂ ಇದೆ, ಅದರ ಬಗ್ಗೆ ಮಾತಾಡುವವರು ಕಡಿಮೆ. ಎ.ಸಿ. ಆದೇಶದಲ್ಲಿ ಎಲ್ಲೋ 'ಅಪೀಲುದಾರರ ವಾದದಲ್ಲಿ ಹುರುಳಿದೆ' ಎಂದಿರುತ್ತದೆ. ತಹಶೀಲ್ದಾರರು ಅದನ್ನೇ ಸೂಚನೆ ಎಂದುಕೊಂಡು, ತಮ್ಮಂದಿರ ಪಾಲುಪಟ್ಟಿಯ ಕಡೆ ನೋಡದೆಯೇ ಅಕ್ಕನ ಹೆಸರು ಸೇರಿಸಿಬಿಡುತ್ತಾರೆ. ಮೇಲಿನವರ ಮನಸ್ಸಲ್ಲಿ ಏನಿದೆಯೋ ಅದನ್ನು ಮಾಡಿದರೆ ತಮಗೆ ತೊಂದರೆಯಿಲ್ಲ ಎಂಬ ಲೆಕ್ಕ. ಮೊದಲನೆಯದು ಮೊಂಡುತನ, ಇದು ಅಂಜಿಕೆ. ಹಳೇ ಫಲಿತಾಂಶವೇ ಮತ್ತೆ ಬರಬಹುದು, ಬೇರೆಯೂ ಬರಬಹುದು. ಎರಡೂ ಸಾಧ್ಯ ಎಂಬಂತೆ ಕೇಳಿದಾಗಲೇ ಅದು ವಿಚಾರಣೆ. ಅಕ್ಕ ಎರಡನೇ ಸಲವೂ ಸೋಲಬಹುದು. ಆದರೆ ಏಕೆ ಸೋತೆ ಎಂಬುದು ಆದೇಶ ಓದಿದರೆ ಆಕೆಗೆ ತಿಳಿಯಬೇಕು. ಅದಕ್ಕೇ ಕಾರಣ ಬರೆಯಬೇಕೆಂಬ ನಿಯಮ. ಆಡಳಿತಾತ್ಮಕ ತೀರ್ಮಾನಗಳಿಗೂ ಸಾಮಾನ್ಯವಾಗಿ ಕಾರಣ ಕೊಡಲೇಬೇಕು ಎಂದು ಐವರು ನ್ಯಾಯಮೂರ್ತಿಗಳ ಪೀಠ 1990ರಲ್ಲಿ ಎಸ್.ಎನ್. ಮುಖರ್ಜಿ ಕೇಸಿನಲ್ಲಿ ಹೇಳಿದೆ. 'ದಾಖಲೆಗಳನ್ನು ಪರಿಶೀಲಿಸಲಾಗಿ, ಅರ್ಜಿಯನ್ನು ತಿರಸ್ಕರಿಸಿದೆ' ಎಂಬುದು ಕಾರಣವಲ್ಲ. ಯಾವ ದಾಖಲೆ, ಅದರಲ್ಲಿ ಏನಿದೆ, ಅದನ್ನು ಏಕೆ ಒಪ್ಪಲಿಲ್ಲ, ಇಷ್ಟಾದರೂ ಬೇಕು.

ಇದೆಲ್ಲ ತಪ್ಪಿದರೆ ಏನಾಗುತ್ತದೆ ಎಂದು ನೋಡಲು ನಮ್ಮ ಹಿಂದಿನ ತಲೆಮಾರು ಸಾಕು. 1974ರ ಮಾರ್ಚ್ 1ರಿಂದ ಗೇಣಿ ಜಮೀನು ಸರ್ಕಾರದ ವಶಕ್ಕೆ ಬಂತು. ಗೇಣಿದಾರರು ಆ ಜಮೀನಿನ ಹಕ್ಕು ಕೇಳುವ ಅರ್ಜಿ, ಅಂದರೆ ಫಾರಂ 7, ಹಾಕಿದರು. ಉಪವಿಭಾಗಾಧಿಕಾರಿ ಅಧ್ಯಕ್ಷತೆಯ ಭೂ ನ್ಯಾಯಮಂಡಳಿಗಳು ತೀರ್ಮಾನಿಸಿದವು. ಅವುಗಳ ಮೇಲೆ ಮೊದಮೊದಲು ಅಪೀಲಿಗೆ ಅವಕಾಶವೇ ಇರಲಿಲ್ಲ, ಹೈಕೋರ್ಟಿಗೆ ರಿಟ್ ಹಾಕಬೇಕಿತ್ತು. ಮಂಡಳಿಯ ಮುಂದೆ ವಕೀಲರು ಬರಬಾರದು ಎಂಬ ನಿಯಮವೂ ಇತ್ತು. ಅದನ್ನು 1987ರಲ್ಲಿ ಸುಪ್ರೀಂ ಕೋರ್ಟ್ ತೆಗೆದುಹಾಕಿತು. ಸಾಕ್ಷಿಗಳ ಹೇಳಿಕೆ ಸರಿಯಾಗಿ ಬರೆದುಕೊಂಡಿಲ್ಲ, ಭೂಮಾಲೀಕರಿಗೆ ನೋಟಿಸ್ ಹೋಗಿಲ್ಲ, ಆದೇಶದಲ್ಲಿ ಕಾರಣವಿಲ್ಲ ಎಂದು ಹೈಕೋರ್ಟ್ ಅನೇಕ ಕೇಸುಗಳನ್ನು ವಾಪಸ್ ಕಳಿಸಿತು. ಕೆಲವು ಎರಡು ಸಲ, ಮೂರು ಸಲ ಓಡಾಡಿದವು. ಅಷ್ಟರಲ್ಲಿ 1974ರಲ್ಲಿ ಆ ಹೊಲವನ್ನು ಯಾರು ಉಳುತ್ತಿದ್ದರು ಎಂದು ಹೇಳಬಲ್ಲ ಅಕ್ಕಪಕ್ಕದ ಹೊಲದವರೇ ಇಲ್ಲವಾದರು. ಸರಿಯಾದ ವಿಚಾರಣೆ ಬೇಕು ಎಂದು ವಾಪಸ್ ಕಳಿಸಿದ್ದೇ, ಸರಿಯಾದ ವಿಚಾರಣೆ ಅಸಾಧ್ಯವಾಗುವಷ್ಟು ಕಾಲ ತಿಂದಿತು. ರಿಮ್ಯಾಂಡ್ ಪುಕ್ಕಟೆ ಅಲ್ಲ.

ಹಾಗೆಂದೇ ಈಚೆಗೆ ಕೋರ್ಟುಗಳು ಇನ್ನೊಂದು ಪ್ರಶ್ನೆಯನ್ನೂ ಕೇಳುತ್ತವೆ: ನೋಟಿಸ್ ತಪ್ಪಿದ್ದರಿಂದ ನಿಮಗೆ ಆದ ನಷ್ಟವೇನು? 2015ರ ಧರಂಪಾಲ್ ಸತ್ಯಪಾಲ್ ಕೇಸಿನಲ್ಲಿ, ವಾಪಸ್ ಕಳಿಸಿದರೂ ಕಾನೂನಿನ ಪ್ರಕಾರ ಫಲಿತಾಂಶ ಬದಲಾಗುವುದೇ ಇಲ್ಲ ಎಂದಾದಾಗ ಸುಪ್ರೀಂ ಕೋರ್ಟ್ ಮರುವಿಚಾರಣೆಗೆ ಕಳಿಸಲಿಲ್ಲ. ಆದರೆ ಹಾಗೆಂದು ತೀರ್ಮಾನಿಸುವುದು ಕೋರ್ಟ್. 'ಕರೆದಿದ್ದರೂ ಆಕೆ ಹೇಳಲು ಏನಿತ್ತು?' ಎಂದು ತಹಶೀಲ್ದಾರರು ತಾವೇ ಅಂದುಕೊಂಡು ನೋಟಿಸ್ ಬಿಡುವಂತಿಲ್ಲ. ನಮಗೆ ಇದರ ಪಾಠ ಸರಳ. 'ನೋಟಿಸ್ ಬಂದಿಲ್ಲ' ಎಂದಷ್ಟೇ ಬರೆದು ನಿಲ್ಲಿಸಬೇಡಿ. ಬಂದಿದ್ದರೆ ಏನು ಹೇಳುತ್ತಿದ್ದೆ, ಯಾವ ಕಾಗದ ಕೊಡುತ್ತಿದ್ದೆ ಎಂದೂ ಅಪೀಲಿನಲ್ಲೇ ಬರೆಯಿರಿ.

ಕೇಸು ಕೆಳಗೆ ಬಂದ ಮೇಲೆ ಕಡತ ಸಿಗುತ್ತಿಲ್ಲ ಎಂಬ ಉತ್ತರಕ್ಕೂ ತಯಾರಿರಬೇಕು. ಮಧುಗಿರಿಯಿಂದ ಮೂಲ ಕಡತ ವಾಪಸ್ ಬರುವಷ್ಟರಲ್ಲೇ ತಿಂಗಳುಗಳು ಹೋಗಬಹುದು. ಅಪೀಲಿನ ಹೊತ್ತಿನಲ್ಲೇ ಎಲ್ಲದರ ದೃಢೀಕೃತ ನಕಲು ತೆಗೆದಿಟ್ಟವರಿಗೆ ಇದು ಅಷ್ಟು ಬಾಧಿಸುವುದಿಲ್ಲ. ಉಳಿದವರು ಮಾಹಿತಿ ಹಕ್ಕು ಕಾಯ್ದೆಯಲ್ಲಿ ಅರ್ಜಿ ಹಾಕಿ, 30 ದಿನ ಕಾಯಬೇಕು. ರಿಮ್ಯಾಂಡ್ ಆದೇಶದಲ್ಲಿ 'ಮೂರು ತಿಂಗಳೊಳಗೆ' ಎಂದು ಗಡುವು ಇದ್ದೂ ಏನೂ ನಡೆಯದಿದ್ದರೆ, ಮೊದಲು ಎ.ಸಿ.ಗೆ ಮತ್ತು ಜಿಲ್ಲಾಧಿಕಾರಿಗೆ ಲಿಖಿತ ಮನವಿ. ಅದಕ್ಕೂ ಜಗ್ಗದಿದ್ದರೆ ಸಂವಿಧಾನದ 226ನೇ ವಿಧಿಯಲ್ಲಿ ಹೈಕೋರ್ಟಿಗೆ ಹೋಗಿ, ಇಷ್ಟು ದಿನದಲ್ಲಿ ತೀರ್ಮಾನಿಸಲು ಹೇಳಿ ಎಂದು ಕೇಳಬಹುದು. ಈ ಮಧ್ಯೆ ಪಹಣಿಯಲ್ಲಿ ಯಾರ ಹೆಸರು ಇರಬೇಕು ಎಂಬುದೂ ಜಗಳಕ್ಕೆ ಬರುತ್ತದೆ. ಖಾತೆ ರದ್ದಾಗಿದೆ, ಹೊಸದು ಆಗಿಲ್ಲ. ಅಷ್ಟರಲ್ಲಿ ತಮ್ಮಂದಿರು ಮಾರಿಬಿಟ್ಟರೆ? ಹಾಗಾಗಿ ರಿಮ್ಯಾಂಡ್ ಆದೇಶದಲ್ಲೇ 'ಯಥಾಸ್ಥಿತಿ ಕಾಪಾಡುವುದು' ಎಂದು ಬರೆಸಿಕೊಳ್ಳಲು ವಾದದ ದಿನವೇ ಕೇಳಬೇಕು.

ಒಂದು ಮಾತು ಮರೆಯಬಾರದು. ಇಷ್ಟೆಲ್ಲ ಗುದ್ದಾಡುವುದು ಖಾತೆಗೆ, ಹಕ್ಕಿಗಲ್ಲ. ಪಹಣಿಯಲ್ಲಿ ಹೆಸರು ಬಂದ ಮಾತ್ರಕ್ಕೆ ಜಮೀನು ಅವರದಾಗುವುದಿಲ್ಲ, ಹೋದ ಮಾತ್ರಕ್ಕೆ ಕಳೆದೂ ಹೋಗುವುದಿಲ್ಲ. ಮಾಲೀಕತ್ವದ ಗಂಭೀರ ತಕರಾರನ್ನು ಕಂದಾಯ ಅಧಿಕಾರಿಗಳು ತೀರ್ಮಾನಿಸುವಂತಿಲ್ಲ ಎಂದು ಕರ್ನಾಟಕ ಹೈಕೋರ್ಟಿನ ಪೂರ್ಣಪೀಠ 2002ರಲ್ಲಿ ಸಿ.ಎನ್. ನಾಗೇಂದ್ರ ಸಿಂಗ್ ಕೇಸಿನಲ್ಲಿ ಹೇಳಿದೆ. ಪಾಲುಪಟ್ಟಿಯೇ ಸುಳ್ಳು ಎಂಬಲ್ಲಿಗೆ ಜಗಳ ಬಂದು ನಿಂತರೆ, ತಹಶೀಲ್ದಾರರ ಮುಂದೆ ಮೂರನೇ ಸುತ್ತು ಹೊಡೆಯುವುದಕ್ಕಿಂತ ಸಿವಿಲ್ ಕೋರ್ಟಿನಲ್ಲಿ ಪಾಲಿನ ದಾವೆ ಹಾಕುವುದೇ ಲೇಸು. ಅಲ್ಲಿ ಬಂದ ತೀರ್ಪಿನಂತೆ ಖಾತೆಯನ್ನು ತಿದ್ದಲೇಬೇಕಾಗುತ್ತದೆ.

ದಾವೆಯ ಮಟ್ಟಕ್ಕೆ ಹೋಗದ ಕೇಸಿನಲ್ಲಿ, ಮರುವಿಚಾರಣೆಯ ನಂತರ ಬರುವ ಆದೇಶ ಕಾನೂನಿನ ಕಣ್ಣಲ್ಲಿ ಹೊಸ ಆದೇಶ. ಹಳೇ ಅಪೀಲಿನ ನಂಬರ್ ಅದಕ್ಕೆ ಉಪಯೋಗಕ್ಕೆ ಬರುವುದಿಲ್ಲ. ಅದು ಕೈಸೇರಿದ ದಿನಾಂಕವನ್ನು ಪ್ರತಿಯ ಮೇಲೆಯೇ ಬರೆಸಿಕೊಳ್ಳಿ. ಆ ದಿನದಿಂದ ಮತ್ತೆ 60 ದಿನಗಳ ಎಣಿಕೆ ಶುರು.